ಮುಖ್ತಾರನ ಎರಡನೇ ಸೈಡು

ಹಾರ್ಮೋನಿಯಂ ಪೆಟ್ಟಿಗೆ ಬಾರಿಸುವ ಗಂಡಸರನ್ನು ಕಂಡರೆ ನನಗೆ ಮೊದಲಿನಿಂದಲೂ ಅಷ್ಟಕ್ಕಷ್ಟೆ. ಹಾಡುವವಳು ಮೇಲಿನ ಸ್ವರದಲ್ಲಿ ಉಸಿರುಗಟ್ಟಿ ಒದ್ದಾಡುತ್ತಿದ್ದರೂ ಇವರು ಕಣ್ಣು ಮುಚ್ಚಿಕೊಂಡು ತಮ್ಮ ಲೋಕದಲ್ಲೇ ಇರುತ್ತಾರೆ. ತುಮಕೂರಿನ ಆರ್ಕೆಸ್ಟ್ರಾದಲ್ಲಿ ಹಾಡಿಕೊಂಡೇ ವಯಸ್ಸು ಕಳೆದವಳು ನಾನು, ಇಂಥವರನ್ನು ಸಾಕುಸಾಕಾಗುವಷ್ಟು ನೋಡಿದ್ದೇನೆ. ನನ್ನ ಹೆಸರು ಚಿಕ್ಕಗಂಗಮ್ಮ. ಪೋಸ್ಟರಿನಲ್ಲಿ ಮಾತ್ರ ಕುಮಾರಿ ಗಂಗಾ. ಕುಮಾರಿ ಎನ್ನುವ ಕಾಲ ದಾಟಿ ಎಷ್ಟೋ ದಿನವಾದರೂ ಮಾಲೀಕರು ಅದನ್ನು ತೆಗೆಸಲಿಲ್ಲ, ತೆಗೆಸಿ ಎಂದು ನಾನೂ ಹೇಳಲಿಲ್ಲ.

ಮುಖ್ತಾರ್ ಅಹಮದ್ ಒಬ್ಬ ಮಾತ್ರ ಬೇರೆ. ನನ್ನ ಗಂಟಲು ಕೈಕೊಡುತ್ತದೆ ಎನ್ನುವುದು ನನಗಿಂತ ಮೊದಲು ಅವನಿಗೆ ಗೊತ್ತಾಗುತ್ತಿತ್ತು. ನಾನು ಬಿಟ್ಟ ಸ್ವರವನ್ನು ಒಂದು ಬೆರಳಿನಲ್ಲಿ ತಾನೇ ಹಿಡಿದು, ನಾನು ನೀರು ಕುಡಿದು ಬರುವ ತನಕ ಹಾಡನ್ನು ಎತ್ತಿಕೊಂಡು ನಿಲ್ಲುತ್ತಿದ್ದ. ಜನಕ್ಕೆ ಏನೂ ತಿಳಿಯುತ್ತಿರಲಿಲ್ಲ. ಅಂಥವನನ್ನು ತಮ್ಮ ಎಂದು ಕರೆಯದೆ ಇನ್ನೇನು ಕರೆಯಲಿ?

ಅವನಪ್ಪ ಇಸಾಕ್ ಸಾಬ್ ಮಂಡಿಪೇಟೆಯಲ್ಲಿ ಹಾರ್ಮೋನಿಯಂ ರಿಪೇರಿ ಮಾಡುತ್ತಿದ್ದರು. ನಾಟಕದ ಕಂಪನಿಯವರು, ಭಜನೆಯವರು ಎಲ್ಲರ ಪೆಟ್ಟಿಗೆಯೂ ಅವರ ಅಂಗಡಿಗೇ ಬರುತ್ತಿತ್ತು. ಮುಖ್ತಾರ್ ಆ ಮುರುಕು ಪೆಟ್ಟಿಗೆಗಳ ನಡುವೆಯೇ ಆಡಿಕೊಂಡು ಬೆಳೆದವನು. ೧೯೭೬ರಲ್ಲಿ ಆರ್ಕೆಸ್ಟ್ರಾಕ್ಕೆ ಬಂದಾಗ ಅವನಿಗಿನ್ನೂ ಮೀಸೆ ನೆಟ್ಟಗೆ ಬಂದಿರಲಿಲ್ಲ. ಮಾಲೀಕರು ಬೆಂಗಳೂರಿನಿಂದ ಒಂದು ಹಳೆಯ ಎಲೆಕ್ಟ್ರಿಕ್ ಆರ್ಗನ್ ತಂದಿದ್ದರು. ಅದು ಮುಟ್ಟಿದವರಿಗೆಲ್ಲ ಶಾಕ್ ಹೊಡೆಯುತ್ತಿತ್ತು. ಇವನು ಕಾಲ ಕೆಳಗೆ ಗೋಣಿಚೀಲ ಹಾಕಿಕೊಂಡು ಕೂತ, ಆಮೇಲೆ ಏಳಲೇ ಇಲ್ಲ.

ಗುಬ್ಬಿ ಕಡೆ ಪ್ರೋಗ್ರಾಂ ಇದ್ದರೆ ನಮ್ಮವ್ವನ ಮನೆಯಲ್ಲೇ ಊಟ. ನಮ್ಮವ್ವ ನಿಂಗಮ್ಮ ಹಿಂದೆ ನಾಟಕದ ಕಂಪನಿಯೊಂದರಲ್ಲಿ ಪಾರ್ಟು ಮಾಡುತ್ತಿದ್ದವಳು. ಅವನು ಬಂದರೆ ಸಾಕು, “ಬನ್ನಿ ಪೆಟ್ಗೆ ಮೇಷ್ಟ್ರೆ” ಎಂದು ಮಣೆ ಹಾಕುವಳು. ಅವನ ತಟ್ಟೆಗೆ ಬೀಳುತ್ತಿದ್ದ ಮುದ್ದೆ ನನ್ನ ತಟ್ಟೆಯದಕ್ಕಿಂತ ದೊಡ್ಡದಿರುತ್ತಿತ್ತು. ಹೆತ್ತ ಮಗಳು ನಾನಿಲ್ಲಿ ಕೂತಿದ್ದೇನೆ ಎಂದರೆ, “ನೀನು ಕೂಗ್ತೀಯ, ಅವ್ರು ದುಡೀತಾರೆ ಬುಡು” ಎನ್ನುವಳು.

ಎಂಬತ್ತೊಂದರ ಬೇಸಿಗೆಯಲ್ಲಿ ಅವನು ಮಂಕಾಗತೊಡಗಿದ. ಬಾರಿಸುವುದರಲ್ಲಿ ಒಂದು ಸ್ವರವೂ ತಪ್ಪುತ್ತಿರಲಿಲ್ಲ, ಆದರೆ ಬಾರಿಸುವವನು ಅಲ್ಲಿರುತ್ತಿರಲಿಲ್ಲ. ಊಟ ಬಿಟ್ಟ. ಮದುವೆಗೆ ನೋಡಿದ ಹುಡುಗಿಯನ್ನು ಬೇಡ ಎಂದ. ಒಂದು ದಿನ ಅಮಾನಿಕೆರೆಯ ಏರಿಯ ಮೇಲೆ ಉರಿಬಿಸಿಲಲ್ಲಿ ಒಬ್ಬನೇ ಕೂತಿದ್ದವನನ್ನು ಹಿಡಿದು ಕೇಳಿದೆ.

“ಏನ್ಲಾ ಮುಖ್ತಾರಾ, ಯಾವಳಾದ್ರೂ ಕೈ ಕೊಟ್ಳೇನೋ?”

“ಇಲ್ಲ ಗಂಗಕ್ಕ.”

“ಮತ್ಯಾಕೋ ಇಷ್ಟು ಬೇಜಾರು?”

“ಬೇಜಾರಲ್ಲ ಅಕ್ಕ. ಬೇಜಾರಾದ್ರೆ ಅಳು ಬರುತ್ತೆ. ಇದ್ರಲ್ಲಿ ಏನೂ ಬರಲ್ಲ. ಮಧ್ಯಾಹ್ನ ಎಲ್ರೂ ಉಂಡು ಮಲಗ್ತಾರಲ್ಲ, ಆವಾಗ ಬಂದು ಪಕ್ಕದಲ್ಲಿ ಕೂತ್ಕೊಳ್ಳುತ್ತೆ. ಮಾತಾಡಲ್ಲ. ಸುಮ್ನೆ ಕೂತಿರುತ್ತೆ.”

“ಯಾವುದೋ ಅದು?”

“ಅದು ಗೊತ್ತಿದ್ದಿದ್ರೆ ಹೇಳ್ತಿರ್ಲಿಲ್ವಾ.”

ದೆವ್ವ ಗಿವ್ವ ನಂಬುವವಳಲ್ಲ ನಾನು. ಆದರೂ ಅವನ ಪಕ್ಕದ ಖಾಲಿ ಜಾಗದಲ್ಲಿ ಕೂರದೆ ನಿಂತೇ ಇದ್ದೆ. ಅವನ ತಾಯಿ ಮಸ್ತಾನ್ ಬೀ ಪಾಪ, ದರ್ಗಾಕ್ಕೆ ಕರೆದುಕೊಂಡು ಹೋಗಿ ತಾಯಿತ ಕಟ್ಟಿಸಿದರು. “ಮಗೂಗೆ ಯಾವ್ದೋ ಗಾಳಿ, ಸಾಯಾ ಹಿಡ್ದಿದೆ ಗಂಗಮ್ಮ, ಕಣ್ ನೋಡು ಅವನ್ದು” ಎಂದು ಸೆರಗಿನಲ್ಲಿ ಮುಖ ಒರೆಸಿಕೊಂಡರು. ಇಸಾಕ್ ಸಾಬ್ ಬೆಂಗಳೂರಿನ ಡಾಕ್ಟರರ ಹತ್ತಿರ ಕರೆದುಕೊಂಡು ಹೋದರು. ಅವರು ಕೊಟ್ಟ ಮಾತ್ರೆ ನುಂಗಿದರೆ ನಿದ್ದೆ ಬರುತ್ತಿತ್ತು, ಬೆರಳು ನಡುಗುತ್ತಿತ್ತು. ಬೆರಳು ನಡುಗಿದ ಮೇಲೆ ಅವನು ಮಾತ್ರೆ ಬಿಟ್ಟ.

ಅದೇ ಹೊತ್ತಿಗೆ ದುಬೈಯಲ್ಲಿದ್ದ ಅವನ ಭಾವ ರಜಕ್ಕೆ ಬಂದಾಗ ಒಂದು ಟೇಪ್ ರೆಕಾರ್ಡರ್ ತಂದುಕೊಟ್ಟರು. ಜೊತೆಗೆ ಒಂದು ಇಂಗ್ಲಿಷ್ ಕ್ಯಾಸೆಟ್ ಇತ್ತು, ಮೇಲಿನ ಕಾಗದ ಹರಿದುಹೋಗಿತ್ತು. ಯಾರು ಬಾರಿಸಿದ್ದೋ ಏನೋ. ಮುಖ್ತಾರ್ ಅದನ್ನು ನನಗೂ ಹಾಕಿ ಕೇಳಿಸಿದ. ಒಂದು ಕಡೆ ಪೂರ್ತಿ ಒಂದೇ ಹಾಡು, ಅದರಲ್ಲೂ ಮುಕ್ಕಾಲು ಪಾಲು ಬರೀ ಆರ್ಗನ್. ಹಾಡುವವನು ಕಾಫಿ ಕುಡಿಯಲು ಹೋದನೇನೋ ಎಂದೆ. ಎಷ್ಟೋ ದಿನದ ಮೇಲೆ ಅವನು ನಕ್ಕ.

“ಅಕ್ಕ, ಹಿಂಗೂ ಮಾಡ್ಬೋದು ಅಂತ ಗೊತ್ತೇ ಇರ್ಲಿಲ್ಲ ನಂಗೆ. ಮಾತೇ ಬೇಡ. ಒಂದು ಕ್ಯಾಸೆಟ್ ಪೂರ್ತಿ ಒಂದೇ ಸಂಗ್ತಿ ಹೇಳ್ಬೋದು.”

“ನೀನೇನ್ಲಾ ಹೇಳ್ತೀಯ?”

“ಮಧ್ಯಾಹ್ನದ್ದು.”

ಅಂಗಡಿಯ ಮೇಲಿನ ಅಟ್ಟದಲ್ಲಿ ಕೂತು ಶುರುಮಾಡಿದ. ಪ್ರೋಗ್ರಾಂ ಇಲ್ಲದ ದಿನಗಳಿಗೆಂದು ನಮ್ಮ ಆರ್ಗನ್ನನ್ನು ಮಾಲೀಕರ ಕಾಲು ಹಿಡಿದು ಕೇಳಿ ತಂದಿಟ್ಟುಕೊಂಡ. ಅಪ್ಪ ರಿಪೇರಿಯಾಗದೆಂದು ಎಸೆದಿದ್ದ ಪೆಟ್ಟಿಗೆಗಳನ್ನೂ ಮೇಲೆ ಹೊತ್ತ. ಇನ್ನೊಂದು ಟೇಪ್ ರೆಕಾರ್ಡರ್ ಬಾಡಿಗೆಗೆ ತಂದ. ಒಂದರಲ್ಲಿ ಬಾರಿಸಿದ್ದನ್ನು ಹಾಕಿಕೊಂಡು, ಅದರ ಮೇಲೆ ಮತ್ತೆ ಬಾರಿಸಿ ಇನ್ನೊಂದರಲ್ಲಿ ತುಂಬಿಕೊಳ್ಳುವುದು. ಕರೆಂಟು ಹೋದರೆ ಎಲ್ಲ ಮೊದಲಿಂದ. ಅವನ ತಾಯಿ ಏಣಿಯ ಕೆಳಗೆ ನಿಂತು ಊಟಕ್ಕೆ ಕೂಗಿ ಕೂಗಿ ಸುಸ್ತಾಗಿ ತಾವೂ ಉಣ್ಣದೆ ಮಲಗುತ್ತಿದ್ದರು.

ಎಂಬತ್ತಮೂರರಲ್ಲಿ ಮೊದಲನೇ ಸೈಡು ಆಯಿತು. ಅಟ್ಟಕ್ಕೆ ಕರೆದು ಕೂರಿಸಿ ನನಗೇ ಮೊದಲು ಕೇಳಿಸಿದ. ಶುರುವಿನಲ್ಲಿ ಸ್ವರವೇ ಇಲ್ಲ. ಸ್ವರದ ಮನೆಗಳನ್ನು ಒತ್ತದೆ ಬರೀ ತಿದಿಯೊತ್ತಿದ್ದಾನೆ, ಹಾರ್ಮೋನಿಯಂ ಉಸಿರಾಡುವುದಷ್ಟೇ ಕೇಳುತ್ತದೆ. ಆಮೇಲೆ ಬೆಳಗಾಗುತ್ತದೆ. ಬಾವಿಯ ರಾಟೆ, ಬೀದಿಯಲ್ಲಿ ಸೊಪ್ಪು ಮಾರುವವಳ ಕೂಗು, ಅವನ ತಾಯಿ ರುಬ್ಬುವ ಸದ್ದು, ಎಲ್ಲವನ್ನೂ ಆ ಕೆಟ್ಟ ಪೆಟ್ಟಿಗೆಗಳಲ್ಲೇ ಬಾರಿಸಿದ್ದ. ಬಿಸಿಲೇರಿದಂತೆ ಒಂದೊಂದೇ ಸದ್ದು ಹಿಂದೆ ಸರಿಯುತ್ತದೆ. ಕೊನೆಗೆ ಕೆಳಗಿನ ಒಂದೇ ಒಂದು ಸ್ವರ ಉಳಿಯುತ್ತದೆ, ಆರ್ಗನ್ನಿನದು. ಅದು ಏರುವುದೂ ಇಲ್ಲ, ಇಳಿಯುವುದೂ ಇಲ್ಲ. ಟೇಪು ಮುಗಿದು ಬಟನ್ ಟಪ್ ಎಂದು ಮೇಲೆದ್ದಿತು.

ನನ್ನ ಪಕ್ಕದಲ್ಲಿ ಯಾರೋ ಕೂತಿದ್ದು ಎದ್ದುಹೋದ ಹಾಗಿತ್ತು. ತಿರುಗಿ ನೋಡಿದರೆ ಬರೀ ಹಳೇ ಪೆಟ್ಟಿಗೆಗಳು.

“ಎರಡನೇ ಸೈಡಿನಲ್ಲಿ ಸಂಜೆ ಆಗುತ್ತಾ?” ಎಂದು ಕೇಳಿದೆ. ಮನಸ್ಸಿಗೆ ಸಮಾಧಾನ ಬೇಕಾಗಿತ್ತು, ಅದಕ್ಕೆ ಕೇಳಿದ್ದು.

“ಆಗುತ್ತೆ. ಅದು ಮುಗಿಯೋ ತನಕ ನಾನೂ ಇರ್ತೀನಿ.”

“ಅಂದ್ರೆ ಏನೋ?”

“ಅಷ್ಟೇ ಗಂಗಕ್ಕ. ಇದನ್ನ ಹೇಳಿ ಮುಗಿಸ್ಬೇಕು ಅಂತಾನೇ ಇದೀನಿ. ಹೇಳಿದ್ಮೇಲೆ ನಂಗೇನ್ ಕೆಲ್ಸ ಇಲ್ಲಿ?”

ಸಿಟ್ಟಿಲ್ಲ, ಅಳುವಿಲ್ಲ. ಕೊನೇ ಬಸ್ಸು ಎಷ್ಟೊತ್ತಿಗೆ ಎನ್ನುವ ಹಾಗೆ ಹೇಳಿದ. ಕಪಾಳಕ್ಕೆ ಬಿಗಿಯೋಣ ಎನ್ನಿಸಿತು, ಕೈ ಏಳಲಿಲ್ಲ. ಇಳಿದು ಬಂದು ಇಸಾಕ್ ಸಾಬರಿಗೆ ಇದ್ದದ್ದು ಇದ್ದ ಹಾಗೆ ಹೇಳಿದೆ. ಅವರು ಉಳಿ ಕೆಳಗಿಟ್ಟರು. “ಅದು ಮುಗೀಬಾರ್ದು ಹಂಗಾದ್ರೆ” ಎಂದರು.

ಅಲ್ಲಿಂದ ನಾವಿಬ್ಬರೂ ಒಂದಾದೆವು. ಎಲ್ಲರೂ ಅವನಿಗೆ ಬೇಗ ಮುಗಿಸು ಮಾರಾಯ, ಮುಗಿಸಿದರೆ ಮನಸ್ಸು ಹಗುರಾಗುತ್ತದೆ ಎನ್ನುವರು. ನಾನು ಅಡ್ಡಗಾಲು ಹಾಕುತ್ತಿದ್ದೆ. ಇಲ್ಲದ ಊರಿನಲ್ಲಿ ಪ್ರೋಗ್ರಾಂ ಹುಟ್ಟಿಸಿದೆ. ಹೊಸ ಹಾಡು ಕಲಿಸು ಎಂದು ಪೀಡಿಸಿದೆ, ಕಲಿತದ್ದನ್ನು ಬೇಕೆಂದೇ ತಪ್ಪು ಹಾಡಿದೆ. ಇಸಾಕ್ ಸಾಬ್ ಅಂಗಡಿಯ ಕೆಲಸವನ್ನೆಲ್ಲ ಅವನ ತಲೆಗೆ ಕಟ್ಟಿದರು. ಆದರೂ ಅವನು ಎರಡನೇ ಸೈಡಿನಲ್ಲಿ ಒಂದೆರಡು ತಿರುವು ಮುಂದೆ ಹೋಗಿಯೇ ಇರುತ್ತಿದ್ದ. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಎನ್ನುತ್ತಾರಲ್ಲ, ಅದೇ ಆಯಿತು ನಮ್ಮ ಬಾಳು.

ಇದರ ನಡುವೆ ರಾಮಾಂಜಿನಯ್ಯ ಬಂದ. ಗುಬ್ಬಿಯ ಮೈಕ್ ಸೆಟ್ಟಿನವನು ಅವನು, ಮದುವೆಗೂ ಅವನೇ, ಸಾವಿಗೂ ಅವನೇ. ದೊಡ್ಡ ಸ್ಪೀಕರಿನಲ್ಲಿ ಹೇಗೆ ಕೇಳಿಸುತ್ತದೋ ನೋಡೋಣ ಎಂದು ಮುಖ್ತಾರ್ ತನ್ನ ಕ್ಯಾಸೆಟ್ಟನ್ನು ಅವನಿಗೆ ಕೊಟ್ಟ. ಕೊಟ್ಟೋನು ಕೋಡಂಗಿ, ಇಸ್ಕೊಂಡೋನು ಈರಭದ್ರ. ಆ ವಾರವೇ ಯಾವುದೋ ಹಳ್ಳಿಯಲ್ಲಿ ಸಾವಾಯಿತು. ಸಾವಿನ ಮನೆಗೆಂದು ಅವನು ಇಟ್ಟುಕೊಂಡಿದ್ದ ತತ್ವಪದದ ಟೇಪು ಮಿಷನ್ನಿಗೆ ಸುತ್ತಿಕೊಂಡು ಹರಿದುಹೋಯಿತು. ಕೈಗೆ ಸಿಕ್ಕಿದ ಮುಖ್ತಾರನ ಕ್ಯಾಸೆಟ್ಟನ್ನೇ ಹಾಕಿದ. ಹೆಣದ ಮುಂದೆ ಕೂತು ಅಳು ಬಾರದೆ ಬಿಗಿದುಕೊಂಡಿದ್ದ ಹೆಂಗಸರೆಲ್ಲ ಗೊಳೋ ಎಂದು ಅತ್ತರಂತೆ. ಸತ್ತವನ ಮಗ ರಾಮಾಂಜಿನಯ್ಯನ ಕೈ ಹಿಡಿದುಕೊಂಡು, ನಮ್ಮಪ್ಪನಿಗೆಂದೇ ಹೇಳಿ ಮಾಡಿಸಿದ ಹಾಗಿದೆ ಎಂದನಂತೆ.

ಅಲ್ಲಿಗೆ ಮುಗಿಯಿತು. ರಾಮಾಂಜಿನಯ್ಯ ಕಾಪಿ ಮಾಡಿ ಹೆಬ್ಬೂರಿನ ಮೈಕಿನವನಿಗೆ ಕೊಟ್ಟ, ಅವನು ಕುಣಿಗಲ್ಲಿನವನಿಗೆ ಕೊಟ್ಟ, ಅಲ್ಲಿಂದ ಹುಲಿಯೂರುದುರ್ಗದ ತನಕ ಹೋಯಿತು. ಎಲ್ಲಿ ಜೀವ ಹೋದರೂ ತೆಂಗಿನ ಮರಕ್ಕೆ ಹಾರ್ನ್ ಕಟ್ಟಿ ಇವನ ಮಧ್ಯಾಹ್ನ ಹಾಕುವುದು. ಯಾರು ಬಾರಿಸಿದ್ದು ಎಂದು ಯಾರಿಗೂ ಗೊತ್ತಿಲ್ಲ. ಸಾವಿನ ಟೇಪು ಎಂದರೆ ಆಯಿತು.

ನಾವು ಒಂದು ಸಲ ಕುಣಿಗಲ್ಲಿಗೆ ಹೋಗುತ್ತಿದ್ದೆವು. ಹೆಬ್ಬೂರು ದಾಟಿ ಬಸ್ಸು ಯಾರನ್ನೋ ಇಳಿಸಲು ನಿಂತಿತು. ರಾಗಿ ಹೊಲದ ಆಚೆ ತೋಟದೊಳಗಿಂದ ಆ ಕೆಳಗಿನ ಒಂಟಿ ಸ್ವರ ಗಾಳಿಯಲ್ಲಿ ಬಂತು. ಮುಖ್ತಾರ್ ಕಿಟಕಿಯ ಸರಳು ಹಿಡಿದುಕೊಂಡ.

“ನಮ್ಮಲ್ಲಿ ಮೌತಾದ ಮನೇಲಿ ರೇಡಿಯೋನೂ ಹಾಕಲ್ಲ ಗಂಗಕ್ಕ.”

“ಗೊತ್ತು ಕಣೋ. ನಿಲ್ಸು ಅಂತ ರಾಮಾಂಜಿನಯ್ಯಂಗೆ ಉಗೀತೀನಿ ಇರು.”

“ಬೇಡ. ಅದು ಹಂಗೇ ಓಡಾಡ್ಕೊಂಡಿರ್ಲಿ. ನಾನು ಹೋಗೋ ಮೊದ್ಲೇ ಊರೂರಿಗೆ ಹೇಳ್ಕೊಂಡ್ ಬರ್ತಾ ಇದೆ.”

ಬಸ್ಸು ಹೊರಟಿತು, ಸ್ವರ ಹಿಂದೆಯೇ ಬಂತು. ಬಹಳ ದೂರದ ತನಕ ಕೇಳುತ್ತಿತ್ತು, ಅಥವಾ ನಿಂತ ಮೇಲೂ ನಮ್ಮಿಬ್ಬರಿಗೆ ಕೇಳುತ್ತಿತ್ತು.

ಅವತ್ತು ಕುಣಿಗಲ್ಲಿನ ಮದುವೆ ಮನೆಯಲ್ಲಿ ಇನ್ನೂ ಜನ ಸೇರುತ್ತಿದ್ದರು. ಇವನು ಆರ್ಗನ್ ಸರಿಯಾಗಿದೆಯೇ ನೋಡಲು ಕೆಳಗಿನ ಒಂದು ಸ್ವರ ಒತ್ತಿ ಹಿಡಿದ. ಅಷ್ಟೇ. ಮುಂದಿನ ಸಾಲಿನಲ್ಲಿದ್ದ ಒಬ್ಬ ಅಜ್ಜಿ ಎದ್ದು ನಿಂತು, “ಅಯ್ಯೋ, ಹೆಣದ್ ಮನೇದು” ಎಂದಳು. ಮದುಮಗಳ ತಾಯಿ ಓಡಿಬಂದಳು. ಯಾರೋ ಯಜಮಾನರು ಮರ್ಯಾದೆಯಿಂದಲೇ, ಆ ಪೆಟ್ಟಿಗೆಯವರನ್ನು ಕೆಳಗಿಳಿಸಿ ಪ್ರೋಗ್ರಾಂ ಮಾಡಿ ಎಂದರು. ನಾನು ಬಾಯಿಗೆ ಬಂದ ಹಾಗೆ ಬೈದೆ. ಬೈದರೆ ಏನು ಬಂತು? ಸುದ್ದಿ ನಮಗಿಂತ ಮೊದಲು ತುಮಕೂರು ಸೇರಿತು. ಮಾಲೀಕರು ಮುಖ್ತಾರನನ್ನು ಬಿಡಿಸಿ ಬೆಂಗಳೂರಿನಿಂದ ಇನ್ನೊಬ್ಬನನ್ನು ಕರೆಸಿಕೊಂಡರು.

ಈಗ ಅವನಿಗೆ ಇಡೀ ದಿನ ಬಿಡುವು. ನನಗೆ ಎದೆಯಲ್ಲಿ ಕಲ್ಲು. ಮಂಡಿಪೇಟೆಗೆ ಹೋದಾಗೆಲ್ಲ ಇಸಾಕ್ ಸಾಬರ ಮುಖ ನೋಡುತ್ತಿದ್ದೆ. ಮುಗಿಯುವುದು ಇನ್ನೂ ಬಾಕಿ ಇದೆ ಎನ್ನುವ ಹಾಗೆ ಅವರು ತಲೆಯಾಡಿಸುತ್ತಿದ್ದರು. ಎಂಬತ್ತಾರರ ಮಾಘದಲ್ಲಿ ಒಂದು ದಿನ ತಲೆಯಾಡಿಸಲಿಲ್ಲ. “ಬಾರಿಸೋದು ನಿಲ್ಲಿಸವ್ನೆ. ಎಲ್ಲಾ ತಲೇಲಿದೆ ಅಂತಾನೆ. ಒಂದ್ಸಲ ಕೂತ್ಕೊಂಡ್ರೆ ಆಗೋಯ್ತು ಅಂತಾನೆ” ಎಂದರು. ಇಸಾಕ್ ಸಾಬ್ ಅಂಥ ಗಟ್ಟಿ ಮನುಷ್ಯರು ನನ್ನೆದುರು ಅತ್ತಿದ್ದು ಅವತ್ತೇ.

ಅದಾಗಿ ಸ್ವಲ್ಪ ದಿನಕ್ಕೆ ಗುಬ್ಬಿಯಲ್ಲಿ ನಮ್ಮವ್ವ ಹೋದಳು. ಬೆಳಿಗ್ಗೆ ಒಲೆ ಹಚ್ಚಲು ಕೂತವಳು ಹಾಗೇ ಗೋಡೆಗೆ ಒರಗಿದಳಂತೆ. ಅರಸೀಕೆರೆಯಿಂದ ನನ್ನಣ್ಣ ರೈಲಿನಲ್ಲಿ ಬರಬೇಕಿತ್ತು. ಅವನಿಗಾಗಿ ಕಾಯುತ್ತ ನಡುಮನೆಯಲ್ಲಿ ಅವ್ವನನ್ನು ಕೂರಿಸಿದ್ದರು. ನನಗೆ ಅಳು ಬರಲಿಲ್ಲ. ಏನೂ ಬರಲಿಲ್ಲ. ಅಷ್ಟರಲ್ಲಿ ರಾಮಾಂಜಿನಯ್ಯ ಯಾರನ್ನೂ ಕೇಳದೆ ಹಾರ್ನ್ ಕಟ್ಟಿ ಆ ಟೇಪು ಹಾಕಿದ. ಹಾರ್ಮೋನಿಯಂ ಉಸಿರಾಡತೊಡಗಿತು. ಎದ್ದುಹೋಗಿ ಅವನ ಜುಟ್ಟು ಹಿಡಿಯುತ್ತಿದ್ದೆ, ಹೆಂಗಸರು ಬಿಡಲಿಲ್ಲ.

ಮುಖ್ತಾರ್ ತುಮಕೂರಿನಿಂದ ಬಸ್ಸಿನಲ್ಲಿ ಬಂದ. ಚಪ್ಪಲಿ ಬಿಟ್ಟು ಅವ್ವನ ಕಾಲು ಮುಟ್ಟಿದ. ಬಾಗಿಲ ಹೊರಗೆ ಭಜನೆಯವರ ಜೊತೆ ಕೂತು ತನ್ನದೇ ಟೇಪನ್ನು ತಲೆತಗ್ಗಿಸಿ ಕೇಳಿದ. ಹೊತ್ತು ನೆತ್ತಿಗೆ ಬಂದಿತ್ತು. ಕೆಳಗಿನ ಸ್ವರ ಉಳಿಯಿತು, ಟಪ್ ಎಂದಿತು. ರಾಮಾಂಜಿನಯ್ಯ ಮತ್ತೆ ಮೊದಲಿಗೆ ತಿರುಗಿಸಲು ಹೋದ.

“ಬೇಡ. ಮುಂದಿಂದು ನಾನೇ ಬಾರಿಸ್ತೀನಿ” ಎಂದ ಮುಖ್ತಾರ್. “ಅವ್ವಂಗೆ ಕೊಡಕ್ಕೆ ನನ್ನತ್ರ ಬೇರೆ ಏನೂ ಇಲ್ಲ.”

ಭಜನೆಯವರ ಪೆಟ್ಟಿಗೆ ಎಳೆದುಕೊಂಡು ಬಾರಿಸತೊಡಗಿದ. ಅದೇ ಎರಡನೇ ಸೈಡು. ಬಿಸಿಲು ವಾಲಿತು, ನೆರಳು ಉದ್ದವಾಯಿತು, ರಾಟೆ ಮತ್ತೆ ತಿರುಗಿತು, ದೀಪ ಹಚ್ಚುವ ಹೊತ್ತಾಯಿತು. ಅಷ್ಟು ಚೆನ್ನಾಗಿರುವುದನ್ನು ನಾನು ಹುಟ್ಟಿದಾಗಿನಿಂದ ಕೇಳಿಲ್ಲ, ಅದು ನಿಜ. ಬೀದಿಯ ಜನ ಮಾತು ಬಿಟ್ಟು ನಿಂತರು. ಅವರಿಗೆಲ್ಲ ಅದು ಸಂಗೀತ. ಹಾಡುವವಳಿಗೆ ಗೊತ್ತಾಗುತ್ತದೆ, ಮನೆ ಹತ್ತಿರ ಬಂದಾಗ ಗಾಡಿಯೆತ್ತು ಕಾಲು ಹಾಕುವ ರೀತಿಯೇ ಬೇರೆ. ಅವನು ಕೊನೆಗೆ ಬರುತ್ತಿದ್ದ. ಮುಖದಲ್ಲಿ ಎಷ್ಟೋ ವರ್ಷದಿಂದ ಕಾಣದ ನೆಮ್ಮದಿ ಇತ್ತು. ಆ ನೆಮ್ಮದಿ ಕಂಡೇ ನನಗೆ ಜೀವ ಬಾಯಿಗೆ ಬಂತು.

ಕಂಪನಿ ನಾಟಕದವರಲ್ಲಿ ಒಂದು ಕಟ್ಟುಪಾಡಿದೆ. ರಂಗದ ಮೇಲೆ ಹಾಡುವವರು ಬಾಯಿ ತೆರೆದರೆ ಪೆಟ್ಟಿಗೆ ಮೇಷ್ಟ್ರು ತನ್ನದನ್ನು ಬಿಟ್ಟು ಅವರ ಹಿಂದೆ ಬರಬೇಕು. ಅವರು ಮುಕ್ತಾಯ ಕೊಡುವ ತನಕ ಕೈ ತೆಗೆಯುವ ಹಾಗಿಲ್ಲ. ಮನೆಗೆ ಬೆಂಕಿ ಬಿದ್ದರೂ ಇಲ್ಲ. ಇಸಾಕ್ ಸಾಬ್ ಮಗನಿಗೆ ಅಕ್ಷರಕ್ಕಿಂತ ಮೊದಲು ಕಲಿಸಿದ್ದು ಅದನ್ನೇ. ನಾನು ಅವ್ವನ ಪಕ್ಕದಿಂದ ಎದ್ದು, ಬಾಗಿಲಿಗೆ ಬಂದು, ಅವನ ಸ್ವರದ ಮೇಲೆ ಬಿದ್ದು ಹಾಡಿಕೊಂಡು ಅತ್ತೆ.

“ಎದ್ದು ನೋಡೇ ನನ್ನವ್ವ, ಬಿಸಿಲು ಬಾಗ್ಲಿಗೆ ಬಂದೈತೆ,
ಒಲೆಮ್ಯಾಲೆ ಎಸರು ಕುದ್ದೈತೆ, ಹಿಟ್ಟು ಯಾರು ಹಾಕ್ತಾರೆ...”

ಮುಖ್ತಾರ್ ತಲೆಯೆತ್ತಿ ನನ್ನನ್ನು ನೋಡಿದ. ಅರ್ಥವಾಯಿತು ಅವನಿಗೆ. ಬಿಡು ಅಕ್ಕ ಎನ್ನುವ ಹಾಗೆ ತಲೆಯಲ್ಲಾಡಿಸಿದ. ಬೆರಳು ಮಾತ್ರ ಅವನ ಮಾತು ಕೇಳಲಿಲ್ಲ, ನನ್ನ ಹಿಂದೆ ಬಂತು. ನಾನು ಒಂದು ಸಾಲು ಮುಗಿಯುವ ಮೊದಲೇ ಇನ್ನೊಂದು ಎತ್ತಿಕೊಂಡೆ. ಸಂತೆಗೆ ಯಾರು ಹೋಗುತ್ತಾರೆ ಎಂದು ಹಾಡಿದೆ, ಎಮ್ಮೆ ಯಾರು ಕರೆಯುತ್ತಾರೆ ಎಂದು ಹಾಡಿದೆ, ದೊಡ್ಡ ಮುದ್ದೆ ಯಾರಿಗೆ ಕಟ್ಟುತ್ತೀಯೆ ಎಂದು ಹಾಡಿದೆ. “ಅಳೋದ್ ಬುಟ್ಟು ಕಚೇರಿ ನಡೆಸ್ತಾವ್ಳೆ ನೋಡು” ಎಂದು ಹಿಂದಿನಿಂದ ನಮ್ಮ ಸೋದರತ್ತೆ ಅಂದದ್ದು ಕೇಳಿಸಿತು. ಅಂದುಕೊಳ್ಳಲಿ. ಅಳು ಬಂದಿತ್ತು ನನಗೆ, ಎದೆ ಒಡೆದುಕೊಂಡು ಬಂದಿತ್ತು. ಅವ್ವನಿಗೆ ಎಷ್ಟು, ಇವನಿಗೆ ಎಷ್ಟು ಎಂದು ಕೇಳಿದರೆ ಹೇಳಲಾರೆ.

ಅಣ್ಣ ಬಂದ. ಚಟ್ಟ ಎತ್ತಿದರು. ತಮಟೆ ಶುರುವಾಯಿತು. ನಾನು ಸಾಲಿನ ನಡುವೆ ಬಾಯಿ ಮುಚ್ಚಿ ಹೆಣದ ಹಿಂದೆ ಹೊರಟುಬಿಟ್ಟೆ. ತಿರುಗಿ ನೋಡಿದರೆ ಮುಖ್ತಾರ್ ಪೆಟ್ಟಿಗೆಯ ಮನೆಗಳ ಮೇಲೆ ಬೆರಳಿಟ್ಟುಕೊಂಡು, ತಿದಿ ನಿಲ್ಲಿಸಿ, ಹಾಗೇ ಕೂತಿದ್ದ. ಮುಕ್ತಾಯ ಸಿಗಲಿಲ್ಲ ಅವನಿಗೆ.

ಹನ್ನೊಂದನೇ ದಿನ ಮನೆಗೆ ಬಂದ. ಅವನು ನನ್ನ ಮೇಲೆ ಕೂಗಾಡಿದ್ದು ಅದೊಂದೇ ಸಲ.

“ಯಾಕಕ್ಕ ಹಿಂಗ್ ಮಾಡ್ದೆ? ಹತ್ರ ಬಂದ್ಬಿಟ್ಟಿದ್ದೆ. ಇನ್ನೊಂದೇ ತಿರುವು.”

“ಅದಕ್ಕೇ ಮಾಡಿದ್ದು. ಒಂದೇ ದಿನ ಇಬ್ರನ್ನ ಕಳಿಸ್ಕೊಡೋ ಶಕ್ತಿ ನಂಗಿರ್ಲಿಲ್ಲ.”

“ನೀನು ಹಾಡಿ ಮುಗಿಸ್ದೆ ನಾನು ಮುಗಿಸೋ ಹಂಗಿಲ್ಲ.”

“ಗೊತ್ತು.”

“ಯಾವಾಗ್ ಮುಗಿಸ್ತೀಯ?”

ನಾನು ಅವನಿಗೆ ಮುದ್ದೆ ತಿರುವಿದೆ. ಕೋಪದಲ್ಲೇ ಉಂಡ. ಉಂಡನಲ್ಲ ಎಂದು ನಾನು ಒಳಗೆ ಹೋಗಿ ಅತ್ತೆ.

ಈಗ ಎಂಬತ್ತೊಂಬತ್ತು. ಅವ್ವನ ಮನೆಯಲ್ಲಿ, ಗುಬ್ಬಿಯಲ್ಲೇ ಇದ್ದೇನೆ. ಆರ್ಕೆಸ್ಟ್ರಾ ಬಿಟ್ಟೆ. ಅವನೂ ಇಲ್ಲೇ ಬಸ್ ಸ್ಟ್ಯಾಂಡಿನ ಹತ್ತಿರ ಒಂದು ಸಣ್ಣ ಅಂಗಡಿ ಹಾಕಿಕೊಂಡು ಪೆಟ್ಟಿಗೆ ರಿಪೇರಿ ಮಾಡುತ್ತಾನೆ. ಆ ಮಂಕು ಹೋಗಿಲ್ಲ. ಕೆಲವು ದಿನ ಬಾಗಿಲೇ ತೆಗೆಯುವುದಿಲ್ಲ, ನಾನೇ ಹೋಗಿ ಬಡಿಯಬೇಕು. ನನಗೂ ಈಗ ಮಧ್ಯಾಹ್ನವಾದರೆ ಭಯ. ಪಾತ್ರೆ ತೊಳೆಯುತ್ತಿರುವಾಗ ಆ ರಾಗ ತನ್ನಷ್ಟಕ್ಕೇ ಬಾಯಿಗೆ ಬರುತ್ತದೆ, ಕೊನೆಯ ಹತ್ತಿರಕ್ಕೂ ಹೋಗುತ್ತದೆ. ನಾಲಿಗೆ ಕಚ್ಚಿಕೊಂಡು ಪಾತ್ರೆ ಕುಕ್ಕುತ್ತೇನೆ.

ಬಿಸಿಲು ನೆತ್ತಿಗೆ ಬಂದಾಗ ಅವನು ಬರುತ್ತಾನೆ. ಒಳಗೆ ಬರುವುದಿಲ್ಲ, ಹೊಸಿಲಾಚೆ ನಿಲ್ಲುತ್ತಾನೆ. ಅವನ ಹಿಂದೆ ಇನ್ನೂ ಯಾರೋ ನಿಂತ ಹಾಗಿರುತ್ತದೆ.

“ಗಂಗಕ್ಕ, ಇವತ್ತಾದ್ರೂ ಮುಗಿಸೋಣ.”

“ಗಂಟ್ಲು ಸರಿ ಇಲ್ಲ ಕಣೋ. ನಾಳೆ ಬಾ.”

ನಮ್ಮ ಬೀದಿಯಲ್ಲಿ ಈಗ ಮನೆಮನೆಯ ಬಾಗಿಲ ಮೇಲೂ ಸುಣ್ಣದಲ್ಲಿ ನಾಳೆ ಬಾ ಎನ್ನುವ ಇದೇ ಮಾತು ಬರೆದಿದ್ದಾರೆ, ದೆವ್ವ ಓದಿಕೊಂಡು ಹಿಂದಕ್ಕೆ ಹೋಗಲಿ ಎಂದು. ನಮ್ಮ ಬಾಗಿಲ ಮೇಲೆ ಬರೆದಿಲ್ಲ, ನಾನು ಬಾಯಲ್ಲೇ ಹೇಳುತ್ತೇನೆ. ಅವನು ಮುಖ ಊದಿಸಿಕೊಂಡು ಅಂಗಡಿಗೆ ಹೋಗುತ್ತಾನೆ. ಮಾರನೆಯ ದಿನ ಬರುತ್ತಾನೆ.